ಬೆಳ್ಳಗಾದ ಗೋಡೆ

ಬೆಲ್ದೋ ಅಂಗಾತ ಮಲಗಿದ್ದ. ಕಂಬಳಿ ಗದ್ದದವರೆಗೂ ಒಪ್ಪವಾಗಿ ಎಳೆದಿತ್ತು. ಮುಖದಲ್ಲಿ ನೋವಿನ ಗುರುತಿರಲಿಲ್ಲ. ನೋಡಿದವರು ಮುದುಕನಿಗೆ ಒಳ್ಳೆ ನಿದ್ದೆ ಹತ್ತಿದೆ ಅನ್ನಬೇಕು, ಹಾಗಿದ್ದ. ಉಸಿರೊಂದು ಇರಲಿಲ್ಲ.

ಮೊದಲು ಕಂಡವಳು ನೂಯಿ. ಬೆಳಗಿನ ಕಷಾಯ ತಂದು ಬಾಗಿಲಲ್ಲಿ ನಿಂತು ಕರೆದಿದ್ದಳು. ಓಗೊಡಲಿಲ್ಲ. ಹತ್ತಿರ ಹೋಗಿ ಕೈ ಮುಟ್ಟಿದಳು. ಹೊಳೆಯ ಕಲ್ಲು ಮುಟ್ಟಿದ ಹಾಗಾಯಿತು. ಬಟ್ಟಲನ್ನು ಅಲ್ಲೇ ನೆಲಕ್ಕಿಟ್ಟು ಹೊರಗೆ ಬಂದು ಅಕ್ಕಪಕ್ಕದವರನ್ನು ಕೂಗಿದಳು.

ತಾಮೆಲ್ ಬಂದಾಗ ಕಷಾಯದಿಂದ ಇನ್ನೂ ಸಣ್ಣಗೆ ಹಬೆ ಏಳುತ್ತಿತ್ತು. ಅವಳು ಒರ್ಮಾಳದ ಪಹರೆಯವಳು. ಊರಿನಲ್ಲಿ ಕಳುವಾದರೆ, ಕೈ ಕೈ ಹತ್ತಿದರೆ, ಯಾರಾದರೂ ಕಾಯಿಲೆ ಇಲ್ಲದೆ ಸತ್ತರೆ ಅವಳನ್ನು ಕರೆಯುತ್ತಿದ್ದರು. ಅವಳದು ಮಾತು ಕಡಿಮೆ, ನೋಟ ಜಾಸ್ತಿ.

ಬಾಗಿ ಬೆಲ್ದೋನ ತುಟಿ ಸರಿಸಿದಳು. ನಾಲಿಗೆ ನೀಲಿಯಾಗಿತ್ತು.

ಜೊಂಪಣಬೆ. ಬೇರೆ ಯಾವುದರಿಂದಲೂ ನಾಲಿಗೆಗೆ ಆ ಬಣ್ಣ ಬರುವುದಿಲ್ಲ. ಅದರ ಪುಡಿ ಊರಿನಲ್ಲಿ ಎಲ್ಲರ ಮನೆಯಲ್ಲೂ ಇರುತ್ತದೆ. ಹಲ್ಲುನೋವಿಗೆ ಒಂದು ಚಿಟಿಕೆ, ಮಂಡಿನೋವಿಗೆ ಒಂದು ಚಿಟಿಕೆ. ಚಿಟಿಕೆಗೆ ನಿದ್ದೆ ಬರುತ್ತದೆ. ಕೈ ಮೀರಿದರೆ ಆ ನಿದ್ದೆ ಬಿಡುವುದಿಲ್ಲ.

ಕಿಟಕಿ ಪೂರ್ತಿ ತೆರೆದಿತ್ತು. ಕೋಣೆ ಬಯಲಿನಷ್ಟೇ ತಣ್ಣಗಿತ್ತು. ಇಂಥ ಚಳಿಯಲ್ಲಿ ಬಿದ್ದಿದ್ದ ಹೆಣ ಯಾವಾಗ ಹೆಣವಾಯಿತೆಂದು ಮೈ ಮುಟ್ಟಿ ಹೇಳುವ ಹಾಗಿರಲಿಲ್ಲ. ದಿಂಬಿನ ಕೆಳಗೆ ಒಂದು ಸಣ್ಣ ಕೊಂಬಿನ ಡಬ್ಬಿ ಸಿಕ್ಕಿತು. ತಳದಲ್ಲಿ ನೀಲಿ ಪುಡಿಯ ಪಸೆ. ಹಾಸಿಗೆಯ ಪಕ್ಕದಲ್ಲಿ ಮಣ್ಣಿನ ಬೋಗುಣಿ, ಖಾಲಿ. ಮೂಸಿದರೆ ಗುಡ್ಡದಾಚೆಯ ಒಣ ಅಣಬೆಯ ವಾಸನೆ.

"ಈ ಬೋಗುಣಿ ಯಾರದು?"

"ನಂದು," ಅಂದಳು ಬಾಗಿಲಲ್ಲಿ ನಿಂತಿದ್ದ ನೂಯಿ. "ನಿನ್ನೆ ಸಂಜೆ ಸಾರು ಮಾಡಿ ತಂದಿದ್ದೆ."

ಬೆಲ್ದೋನ ತಂಗಿ ಮೊರೂ ಜಗಲಿಯಲ್ಲಿ ಕೂತಿದ್ದಳು. ಕೂದಲು ಬಾಚಿತ್ತು. ಕಣ್ಣು ಒಣಗಿತ್ತು. ತಾಮೆಲ್ ಕೇಳಿದ್ದಕ್ಕೆಲ್ಲ ಮೆಲ್ಲಗೆ ಉತ್ತರ ಕೊಟ್ಟಳು. ನಿನ್ನೆ ಹಬ್ಬದ ಬೆಳಿಗ್ಗೆ ಅಣ್ಣನಿಗೆ ಮಂಡಿ ಹಿಡಿದುಕೊಂಡಿತ್ತು. ಏಳಲಾರೆ ಅಂದ. ದಿನವೆಲ್ಲ ಮಲಗಿದ್ದ. ಮಧ್ಯಾಹ್ನ ಎದ್ದು ನೀರು ಕುಡಿದ. ಸಂಜೆ ನೂಯಿ ಸಾರು ತಂದಳು, ಬಾಗಿಲಲ್ಲೇ ಇಸಿದುಕೊಂಡೆ. ಆಮೇಲೆ ಕುಡಿದಿರಬೇಕು. ನಾನು ಮಲಗಿಬಿಟ್ಟೆ.

ತಾಮೆಲ್ ಅಡುಗೆಮನೆಗೆ ಹೋದಳು. ಯಾರ ಮನೆಗೆ ಹೋದರೂ ಅಲ್ಲಿನ ಅಣಬೆಗೋಡೆಗೆ ಕೈ ಮುಗಿಯದೆ ಬರುವ ಪದ್ಧತಿ ಒರ್ಮಾಳದಲ್ಲಿಲ್ಲ. ಸಾವಾದ ಮನೆಯಲ್ಲಿ ಗೋಡೆಗೆ ಪರದೆ ಎಳೆದಿರುತ್ತಾರೆ. ಮನೆಯವರು, ಪಹರೆಯವರು ಬಿಟ್ಟರೆ ಬೇರೆಯವರು ಅದನ್ನು ಸರಿಸುವ ಹಾಗಿಲ್ಲ. ಪಕ್ಕದ ಮನೆಯ ಹೆಂಗಸು ಪಿಸುಗುಟ್ಟಿದಳು: ಪಾಪ, ಮೊರೂ ಈಗಷ್ಟೇ ಒಳಗೆ ಹೋಗಿ ಗೋಡೆಗೆ ಸಾವಿನ ಸುದ್ದಿ ಹೇಳಿಬಂದಳು, ನಮ್ಮ ಕಿವಿಯಾರೆ ಕೇಳಿದೆವು.

ತಾಮೆಲ್ ಪರದೆಯ ಅಂಚು ಎತ್ತಿದಳು. ನೆಲದಿಂದ ಜಂತಿಯವರೆಗೆ ಸಾಲುಸಾಲು ಅಣಬೆ. ಯಾವಾಗಲೂ ಜೇನಿನ ಬಣ್ಣದಲ್ಲಿ ಬೆಳಗುತ್ತಿದ್ದ ಟೊಪ್ಪಿಗೆಗಳು ಹಾಲಿನ ಹಾಗೆ ಬೆಳ್ಳಗಾಗಿದ್ದವು. ಬೆಳಕು ಮಂಕಾಗಿತ್ತು. ಕೆಳಗೆ, ಎಡಮೂಲೆಯಲ್ಲಿ, ಅಂಗೈ ಅಗಲದ ಜಾಗಕ್ಕೆ ಯಾರೋ ನೀಲಿ ದಾರ ಸುತ್ತಿ ಗುರುತು ಮಾಡಿದ್ದರು. ಸಾವಿನ ಮನೆಯ ಗೋಡೆ ಹೇಗಿರಬೇಕೋ ಹಾಗಿತ್ತು. ಅವಳು ಹಣೆಗೆ ಬೆರಳು ಮುಟ್ಟಿಸಿ ಪರದೆ ಬಿಟ್ಟಳು.

* * *

ಊರ ಹಿರಿಯ ಇರ್ವ ತನ್ನ ಅಂಗಳದಲ್ಲೇ ಪಂಚಾಯಿತಿ ಸೇರಿಸಿದ. ಹೊತ್ತು ಹೆಚ್ಚಿರಲಿಲ್ಲ. ಗುಡ್ಡದ ತುದಿಗೆ ಮೋಡ ಕೂತಿತ್ತು. ಇವತ್ತೋ ನಾಳೆಯೋ ಹಿಮ ಬಿದ್ದರೆ ಕಣಿವೆಯ ದಾರಿ ಮುಚ್ಚುತ್ತದೆ. ಆಮೇಲೆ ಮಬ್ಬುಗಾಲ. ಸೂರ್ಯ ಗುಡ್ಡದ ಹಿಂದೆಯೇ ಓಡಾಡಿಕೊಂಡು ಊರಿಗೆ ಮುಖ ತೋರಿಸದ ಕಾಲ. ಆಗ ಮನೆಗೆ ಬೆಳಕೂ ಬಿಸಿಯೂ ಗೋಡೆಯಿಂದಲೇ.

ಗೋಡೆ ಇಲ್ಲದವರಿಗೆ ಮನೆ ಇಲ್ಲ. ಹೊಸ ಗೋಡೆ ಬೇಕಾದರೆ ಹಳೆಯ ಗೋಡೆಯಿಂದ ಎಳೆ, ಎಂದರೆ ಬೇರುಸಹಿತ ಅಣಬೆಯ ತುಂಡು, ತರಬೇಕು. ಎಳೆ ಕೊಡುವುದು ವರ್ಷಕ್ಕೊಮ್ಮೆ, ಎಳೆಹಬ್ಬದ ದಿನ. ಮನೆಯ ಹಿರಿಯರೇ ತಮ್ಮ ಕೈಯಾರೆ ಕೊಯ್ದು ಕೊಡಬೇಕು.

ನೂಯಿ ಗುಡ್ಡದಾಚೆಯವಳು. ವರ್ಷಗಳ ಹಿಂದೆ ಬಂದವಳು ಬೆಲ್ದೋನ ಸೌದೆ ಕೊಟ್ಟಿಗೆಯಲ್ಲಿ ಬಾಡಿಗೆಗೆ ಉಳಿದಿದ್ದಳು. ಒಲೆ ಬೇರೆ, ಪಾತ್ರೆ ಬೇರೆ. ಹಗಲು ಜೊಂಪಣಬೆ ಒಣಗಿಸುವ ಚಪ್ಪರದಲ್ಲಿ ಕೆಲಸ. ಈ ಸಲದ ಹಬ್ಬಕ್ಕೆ ಅವಳಿಗೆ ಎಳೆ ಕೊಡುತ್ತೇನೆಂದು ಬೆಲ್ದೋ ಊರಿಗೆಲ್ಲ ಸಾರಿದ್ದ. ನಿನ್ನೆ ಅವಳು ಹೊಸ ಮಡಕೆ ಹಿಡಿದು ಬಯಲಿನಲ್ಲಿ ಸಂಜೆಯವರೆಗೂ ನಿಂತಿದ್ದಳು. ಬೆಲ್ದೋ ಬರಲಿಲ್ಲ. ಮಂಡಿನೋವು, ಮಲಗಿದ್ದಾನೆ ಎಂದು ಮೊರೂ ಹೇಳಿ ಕಳಿಸಿದ್ದಳು. ಹುಡುಗಿ ಖಾಲಿ ಮಡಕೆ ಹಿಡಿದು ಮನೆಗೆ ಹೋದದ್ದನ್ನು ಊರೆಲ್ಲ ನೋಡಿತ್ತು. ಕೆಲವರು ನಕ್ಕಿದ್ದರು.

ಹಾಗಾಗಿ ಪಂಚಾಯಿತಿಗೆ ಲೆಕ್ಕ ಸುಲಭವಾಗಿ ಕೂಡಿತು. ಮುದುಕ ಮನಸ್ಸು ಬದಲಾಯಿಸಿ ಮಂಡಿನೋವಿನ ನೆಪ ಹೇಳಿದ. ಇವಳಿಗೆ ಸಿಟ್ಟು ಬಂತು. ಕೈಗೆಟಕುವಲ್ಲೇ ಜೊಂಪಣಬೆ. ಸಾರಿಗೆ ಹಾಕಿದಳು. ಬೋಗುಣಿ ಹಾಸಿಗೆಯ ಪಕ್ಕದಲ್ಲೇ ಇದೆ.

"ನೀನೇನಂತೀಯ?" ಎಂದು ಇರ್ವ ಕೇಳಿದ.

"ಮಂಡಿನೋವು ಅಂದ್ರಲ್ಲ, ಅದಕ್ಕೇ ಸಾರು ಮಾಡಿದೆ," ಅಂದಳು ನೂಯಿ. "ಬೆಳಿಗ್ಗೆ ಕಷಾಯ ತಗೊಂಡು ಹೋಗಿದ್ದು ಕೇಳೋಕೆ. ಕೊಡ್ತೀರೋ ಇಲ್ವೋ, ಒಂದು ಮಾತು ಹೇಳಿಬಿಡಿ ಅಂತ. ಅಷ್ಟೇ ಅಜ್ಜ."

"ಕೊಡಲ್ಲ ಅಂದಿದ್ರೆ?"

"ಕೊಟ್ಟಿಗೇಲೇ ಇರ್ತಿದ್ದೆ. ಇಷ್ಟು ದಿನ ಇಲ್ವಾ?"

ಯಾರೋ ಹಿಂದಿನಿಂದ, ಬಾಯಿ ನೋಡು ಇವಳದು, ಅಂದರು. ಇರ್ವ ಕೆಟ್ಟವನಲ್ಲ. ಆದರೆ ಹಿಮ ಬೀಳುವ ಮೊದಲು ಊರಿನ ಕೊಳೆ ತೊಳೆದುಬಿಡಬೇಕೆಂಬ ಆತುರ ಅವನಿಗಿತ್ತು. ನಾಳೆ ಬೆಳಿಗ್ಗೆ ಕಡೆಯ ಬಂಡಿಯ ಜೊತೆ ಅವಳನ್ನು ಕಣಿವೆ ದಾಟಿಸಿ ಅಲ್ಲೇ ಬಿಟ್ಟುಬರುವುದು ಎಂದು ತೀರ್ಪು ಹೇಳಿದ. ಆಚೆ ಬದಿಯಲ್ಲಿ ಮೊದಲ ಹಳ್ಳಿ ಬಹಳ ದೂರ. ಈ ಕಾಲದಲ್ಲಿ ಒಂಟಿಯಾಗಿ ಅಲ್ಲಿಗೆ ನಡೆದು ಮುಟ್ಟಿದವರ ಸುದ್ದಿ ಯಾರೂ ಕೇಳಿರಲಿಲ್ಲ. ಅಂಗಳದಲ್ಲಿದ್ದವರಿಗೆಲ್ಲ ಅದು ಗೊತ್ತಿತ್ತು. ನೂಯಿಗೂ ಗೊತ್ತಿತ್ತು.

"ನಾಳೆ ಬೆಳಗಿನವರೆಗೆ ನನಗೆ ಬಿಡಿ," ಅಂದಳು ತಾಮೆಲ್. "ವಿಚಾರಿಸೋದು ಇನ್ನೂ ಇದೆ."

"ಏನು ಉಳಿದಿದೆ?"

"ದಿಂಬಿನ ಕೆಳಗಿನ ಡಬ್ಬಿ ಅವಳದಲ್ಲ."

* * *

ಬೆಲ್ದೋನ ಮಗ ಹದ್ರಿನ್ ದೋಣಿಕಟ್ಟೆಯಲ್ಲಿ ಹಗ್ಗ ಬಿಗಿಯುತ್ತಿದ್ದ. ಅಪ್ಪನ ಸುದ್ದಿ ತಿಳಿದಿತ್ತು. ಕೈ ನಿಲ್ಲಿಸಿರಲಿಲ್ಲ. ಮದುವೆಯಾದ ಮೇಲೆ ಅವನು ಬೇರೆ ಮನೆ ಮಾಡಿ, ಹೆಂಡತಿಯ ತವರಿನಿಂದ ಎಳೆ ತಂದು ಗೋಡೆ ಬೆಳೆಸಿದ್ದ. ಹಬ್ಬಕ್ಕೆ ಮೊದಲು ಇದೇ ಕಟ್ಟೆಯ ಮೇಲೆ ಅಪ್ಪ ಮಗನಿಗೆ ಜಗಳವಾದದ್ದು ಊರೇ ಬಲ್ಲದು. ಆ ಎಳೆ ಮನೆ ಬಿಟ್ಟು ಹೋದರೆ ನೋಡು ಎಂದು ಹದ್ರಿನ್ ಕೂಗಿದ್ದ.

"ಹೌದು, ಕೂಗಿದೆ," ಅಂದ. "ಕೂಗಿ ದೋಣಿ ಹತ್ತಿ ಕೆಳಗಿನ ಊರಿಗೆ ಹೋದೆ. ಕೊಡೋದನ್ನ ಕಣ್ಣಲ್ಲಿ ನೋಡಬಾರದು ಅಂತ. ಎರಡು ರಾತ್ರಿ ಅಲ್ಲೇ ಇದ್ದೆ. ಬೇಕಾದ್ರೆ ಅಂಬಿಗರನ್ನ ಕೇಳಿ."

ತಾಮೆಲ್ ಕೇಳಿದಳು. ಅಂಬಿಗರು ಹೌದೆಂದರು. ಒಬ್ಬ ನಗುತ್ತ, ದಾರಿಯುದ್ದಕ್ಕೂ ಅಪ್ಪನನ್ನು ಬೈದು ನಮ್ಮ ಕಿವಿ ತೂತು ಮಾಡಿದ, ಅಂದ. ಹದ್ರಿನ್ ಇವತ್ತು ಬೆಳಿಗ್ಗೆಯ ಮೊದಲ ದೋಣಿಗೆ ಮರಳಿದ್ದ. ಅಲ್ಲಿಗೆ ಆ ಅನುಮಾನದ ದಾರಿ ಮುಚ್ಚಿತು.

ಅವಳು ಕೊಂಬಿನ ಡಬ್ಬಿ ತೋರಿಸಿದಳು. ಹದ್ರಿನ್ ಹಗ್ಗ ಬಿಟ್ಟು ಅದನ್ನು ಕೈಗೆ ತೆಗೆದುಕೊಂಡ. ಹೆಬ್ಬೆರಳಿನಿಂದ ಮುಚ್ಚಳ ಸವರಿದ. ಅಪ್ಪನದೇ ಎಂದ. ಮಂಡಿಗೆ ರಾತ್ರಿ ರಾತ್ರಿ ತಿನ್ನುತ್ತಿದ್ದ. ಅತ್ತೆ ಬೈಯುತ್ತಾಳೆಂದು ಬಿಟ್ಟೆ ಬಿಟ್ಟೆ ಎಂದು ಸುಳ್ಳು ಹೇಳಿ ದಿಂಬಿನ ಕೆಳಗೆ ಇಟ್ಟುಕೊಂಡಿದ್ದ.

"ಅತ್ತೆಗೆ ಗೊತ್ತಿರಲಿಲ್ವಾ?"

"ಗೊತ್ತಿದ್ರೆ ಡಬ್ಬಿ ಹೊಳೇಲಿರ್ತಿತ್ತು." ಅವನು ಡಬ್ಬಿ ಹಿಂದಿರುಗಿಸಿ ಮತ್ತೆ ಹಗ್ಗ ಹಿಡಿದ. "ತಾಮೆಲಕ್ಕ, ಎಳೆ ಕೊಡೋದು ಬೇಡ ಅಂತ ನಾನು ಕೂಗಿದೆ, ಊರು ಕೇಳಿಸ್ಕೊಳ್ತು. ಅತ್ತೆ ಕೂಗ್ಲಿಲ್ಲ. ಊಟ ಬಿಟ್ಲು. ಅದನ್ನ ಯಾರು ಕೇಳಿಸ್ಕೊಂಡ್ರು?"

* * *

ಮಧ್ಯಾಹ್ನ ತಾಮೆಲ್ ಮನೆಗೆ ಬಂದಾಗ ಗಂಡ ಯೊರ್ಕ ಹಿಟ್ಟು ನಾದುತ್ತಿದ್ದ. ಮೊಣಕೈವರೆಗೆ ಬಿಳಿ. ಅವನು ಊರಿನ ರೊಟ್ಟಿ ಸುಡುವವ. ತಾಮೆಲ್ ಆಡದ ಮಾತನ್ನೆಲ್ಲ ತಾನೇ ಆಡಿ ಆ ಮನೆಯ ಲೆಕ್ಕ ಸರಿದೂಗಿಸುತ್ತಿದ್ದ.

ಗಂಜಿ ಬಡಿಸಿದ. ಬೆಲ್ದೋನನ್ನು ಹೊಗಳಿದ. ಇರ್ವನನ್ನು ಬೈದ. ನೂಯಿ ಒಮ್ಮೆ ತನ್ನ ರೊಟ್ಟಿ ತಿಂದು, ನಮ್ಮ ಕಡೆ ಇದನ್ನ ಕುದುರೆಗೆ ಹಾಕ್ತಾರೆ ಅಂದದ್ದನ್ನು ನೆನೆದು ನಕ್ಕ. ಅಂಥವಳು ವಿಷ ಹಾಕಲ್ಲ, ಅನ್ನೋದನ್ನ ಮುಖದ ಮೇಲೆ ಅಂದುಬಿಡ್ತಾಳೆ, ಎಂದ.

ತಾಮೆಲ್ ಗಂಜಿ ಉಣ್ಣುತ್ತಿದ್ದಳು. ಮನಸ್ಸು ಡಬ್ಬಿಯ ಮೇಲಿತ್ತು. ಮುದುಕ ಗುಟ್ಟಾಗಿ ತಿನ್ನುತ್ತಿದ್ದ. ಅದರ ಮೇಲೆ ಇನ್ನೊಬ್ಬರು ಗುಟ್ಟಾಗಿ ತಿನ್ನಿಸಿದರೆ? ಒಂದೊಂದೇ ಕೊಲ್ಲುವಷ್ಟಿಲ್ಲ. ಎರಡೂ ಸೇರಿದರೆ ಸಾಕು. ಆದರೆ ಆ ಇನ್ನೊಬ್ಬರು ನೂಯಿ ಅಲ್ಲವೆಂದು ಹೇಗೆ ಹೇಳುವುದು? ಸಾರು ಅವಳದು. ಬೋಗುಣಿ ಅವಳದು.

"ಸಾವಿನ ರೊಟ್ಟಿ ಈಗ ಕಲಸಿಟ್ರೆ ನಾಳೆ ಬೆಳಿಗ್ಗೆಗೆ ಹದ ಬರುತ್ತೆ," ಅಂದ ಯೊರ್ಕ.

"ಇವತ್ತೇ ಒಯ್ಯಿ. ಮೊರೂ ಏನೂ ತಿಂದಿಲ್ಲ."

"ಇವತ್ತು ಹೇಗೆ ಒಯ್ಯೋದು ಮಾರಾಯ್ತಿ? ಗೋಡೆ ಬೆಳ್ಳಗಾಗದೆ ಆ ಮನೆಗೆ ಅನ್ನ ಒಯ್ತಾರಾ? ನಮ್ಮಮ್ಮ ಹೋದಾಗ ನಾನು ಬೆಳಗ್ಗೆ ಹೇಳಿದ್ದು. ಮಾರನೇ ದಿನ ಬೆಳಕು ಹರಿಯೋವರೆಗೂ ಹಸ್ಕೊಂಡು ಕೂತಿರ್ಲಿಲ್ವಾ? ನೀನೇ ಕದ್ದು ಒಂದು ತುಂಡು ಬೆಲ್ಲ ಕೊಟ್ಟಿದ್ದೆ."

ತಾಮೆಲ್ ಬಾಯಿಗೆ ಒಯ್ದ ಚಮಚ ಅಲ್ಲೇ ನಿಂತಿತು.

"ಆ ಗೋಡೆ ಬೆಳ್ಳಗಾಗಿದೆ," ಅಂದಳು.

"ಯಾವಾಗ ನೋಡ್ದೆ?"

"ಬೆಳಿಗ್ಗೆ. ನಾನು ಹೋದಾಗ."

ಯೊರ್ಕ ಹಿಟ್ಟಿನಿಂದ ಕೈ ತೆಗೆದ. ಆಮೇಲೆ, "ಅದು ಹೇಗೆ ಸಾಧ್ಯ?" ಅಂದ.

ಅವಳು ಆಗಲೇ ಎದ್ದು ಶಾಲು ಹೊದ್ದಿದ್ದಳು. ಆ ಗೋಡೆ ಇವತ್ತು ಬೆಳ್ಳಗಿರಬಾರದು. ನಾಳೆ ಬೆಳ್ಳಗಿದ್ದರೆ ಯಾರೂ ಏನೂ ಅನ್ನುವುದಿಲ್ಲ. ತೋರಿಸುವುದಿದ್ದರೆ ಇವತ್ತೇ ತೋರಿಸಬೇಕು. ಬೆಳಕಿರುವಾಗಲೇ.

* * *

ಬೆಲ್ದೋನ ಅಡುಗೆಮನೆಯಲ್ಲಿ ಐದು ಜನ ನಿಂತರೆ ಆರನೆಯವರಿಗೆ ಜಾಗವಿಲ್ಲ. ತಾಮೆಲ್ ಇರ್ವನನ್ನು ಕರೆತಂದಿದ್ದಳು. ಹದ್ರಿನ್ ಬಂದಿದ್ದ. ನೂಯಿಯನ್ನು ಕೈ ಕಟ್ಟದೆಯೇ ಕರೆತಂದಿದ್ದರು. ಮೊರೂ ಒಲೆಯ ಪಕ್ಕದ ಮಣೆಯಲ್ಲಿ ಕೂತಿದ್ದಳು.

"ಮೊರೂ ಅತ್ತೆ, ಗೋಡೆಗೆ ಯಾವಾಗ ಹೇಳಿದ್ರಿ?"

"ಬೆಳಿಗ್ಗೆ. ಎಲ್ಲರೂ ಕೇಳಿದ್ದಾರೆ."

ತಾಮೆಲ್ ಪರದೆ ಪೂರ್ತಿ ಸರಿಸಿದಳು.

ಇರ್ವ ಹಣೆ ಮುಟ್ಟಿಕೊಂಡು ತಲೆ ಬಾಗಿಸಿದ. ಹದ್ರಿನ್ ಕೂಡ. ಬಿಳಿ ಗೋಡೆ ಕಂಡರೆ ಒರ್ಮಾಳದವರ ಕೈ ತಾನೇ ಹಣೆಗೆ ಹೋಗುತ್ತದೆ. ತಾಮೆಲ್‌ಳ ಕೈಯೂ ಬೆಳಿಗ್ಗೆ ಹಾಗೇ ಹೋಗಿತ್ತು.

"ಸಾವಿನ ಮನೆ. ಬೆಳ್ಳಗಿದೆ. ಅದಕ್ಕೇನಾಯ್ತು?" ಅಂದ ಇರ್ವ.

"ಅಜ್ಜ, ನಿಮ್ಮ ಮನೇಲಿ ಅಜ್ಜಿ ಹೋದಾಗ ಗೋಡೆ ಬೆಳ್ಳಗಾಗೋಕೆ ಎಷ್ಟು ಹೊತ್ತು ಹಿಡೀತು?"

ಇರ್ವ ಕಿಟಕಿಯ ಕಡೆ ನೋಡಿದ. ಹೊರಗೆ ಇಳಿಬಿಸಿಲು ಇನ್ನೂ ಇತ್ತು. ಮತ್ತೆ ಗೋಡೆಯ ಕಡೆ ನೋಡಿದ. ಅವನ ಕೈ ಹಣೆಯಿಂದ ನಿಧಾನವಾಗಿ ಕೆಳಗಿಳಿಯಿತು.

"ಒಂದು ಹಗಲು, ಒಂದು ಇರುಳು," ಅಂದ.

"ಬೆಳಿಗ್ಗೆ ನಾನು ಬಂದಾಗಲೇ ಇದು ಹೀಗಿತ್ತು. ಅಂದ್ರೆ ನಿನ್ನೆ ಬೆಳಿಗ್ಗೆಯೇ ಯಾರೋ ಹೇಳಿದ್ದಾರೆ. ನಿನ್ನೆ ಬೆಳಿಗ್ಗೆಯೇ ಬೆಲ್ದೋ ಸತ್ತಿದ್ದ. ಮಧ್ಯಾಹ್ನ ಅವನು ನೀರು ಕುಡಿದಿಲ್ಲ. ಸಂಜೆ ಸಾರೂ ಕುಡಿದಿಲ್ಲ."

ನೂಯಿ ಬಾಗಿಲಿನ ಚೌಕಟ್ಟು ಹಿಡಿದುಕೊಂಡಳು.

ಮೊದಲು ಬಾಯಿ ಬಿಟ್ಟವನು ಹದ್ರಿನ್. ಅವನಿಗೆ ಅತ್ತೆಯ ಕಡೆ ನೋಡುವ ಧೈರ್ಯವಿರಲಿಲ್ಲ. ಅಪ್ಪ ನೂಯಿಯನ್ನು ಗೋಡೆಗೆ ರೂಢಿ ಮಾಡಿಸಿರಬಹುದಲ್ಲ, ಎಳೆ ಕೊಡುವುದಿತ್ತಲ್ಲ, ಇವಳೇ ಕೊಂದು ಇವಳೇ ಯಾಕೆ ಹೇಳಿರಬಾರದು ಎಂದ. ಮಾತಿನಲ್ಲಿ ಹುರುಪಿರಲಿಲ್ಲ. ಆದರೂ ಅದು ಕೇಳಲೇಬೇಕಾದ ಪ್ರಶ್ನೆ. ತನಗೆ ಉಣ್ಣಿಸಿದವರ ಮಾತನ್ನು ಬಿಟ್ಟು ಬೇರೆಯವರ ಮಾತನ್ನು ಗೋಡೆ ಕೇಳುವುದಿಲ್ಲ.

ತಾಮೆಲ್ ಒಲೆಯ ಮೇಲೆ ಗೋಡೆಗೆಂದು ಇಟ್ಟಿದ್ದ ಗಂಜಿಯನ್ನು ನೂಯಿಯ ಅಂಗೈಗೆ ಒಂದು ಸೌಟು ಹಾಕಿದಳು.

"ಗೋಡೆಗೆ ಹಿಡಿ."

ನೂಯಿ ಹಿಡಿದಳು. ಕೈ ಹತ್ತಿರ ಹೋಗುತ್ತಿದ್ದಂತೆ ಎದುರಿನ ಟೊಪ್ಪಿಗೆಗಳು ಮುದುಡಿಕೊಂಡವು. ಸಾಲು ಸಾಲಾಗಿ, ಗಾಳಿಗೆ ಹುಲ್ಲು ಬಾಗಿದ ಹಾಗೆ, ಅವಳ ಕೈಯಿಂದ ದೂರ ಸರಿದವು. ಅಪರಿಚಿತರು ಬಂದಾಗ ಯಾವ ಗೋಡೆಯಾದರೂ ಹಾಗೇ ಮಾಡುತ್ತದೆ. ನೂಯಿ ಸ್ವಲ್ಪ ಹೊತ್ತು ಕೈ ಹಾಗೇ ಹಿಡಿದಿದ್ದಳು. ಬೆರಳಿನ ಸಂದಿಯಿಂದ ಗಂಜಿ ತೊಟ್ಟಿಕ್ಕಿತು.

"ಇಷ್ಟು ವರ್ಷ ಇದರ ಹಿಂಬದಿಗೇ ಬೆನ್ನು ಕೊಟ್ಟು ಮಲಗಿದ್ದೀನಿ," ಅಂದಳು. "ಇದಕ್ಕೆ ನಾನು ಯಾರು ಅಂತಾನೇ ಗೊತ್ತಿಲ್ಲ."

ಅವಳ ಜೀವ ಉಳಿಸಿದ ಸಾಕ್ಷಿ ಅದೇ. ತಾಮೆಲ್ ಅವಳ ಮುಖ ನೋಡದೆ ಮಾತು ಮುಂದುವರಿಸಿದಳು. ಹದ್ರಿನ್‌ನನ್ನೂ ಗೋಡೆ ಕೇಳುವುದಿಲ್ಲ. ಬೇರೆ ಗೋಡೆಗೆ ಉಣ್ಣಿಸುವವರನ್ನು ಹಳೆಯ ಗೋಡೆ ಮರೆತುಬಿಡುತ್ತದೆ. ಮೇಲಾಗಿ ನಿನ್ನೆ ಅವನು ಊರಲ್ಲೇ ಇರಲಿಲ್ಲ. ಉಳಿದವರು ಒಬ್ಬರೇ.

ಅಪ್ಪನ ಹೆಣ ಕೋಣೆಯಲ್ಲಿಟ್ಟುಕೊಂಡು, ಮಲಗಿದ್ದಾನೆ ಅಂತ ಊರಿಗೆ ಹೇಳಿದೆಯಾ ಎಂದು ಹದ್ರಿನ್ ಗೋಡೆಯ ಕಡೆ ತಿರುಗಿಯೇ ಕೇಳಿದ.

ಮೊರೂ ಮಣೆಯಿಂದ ಏಳಲಿಲ್ಲ. ಸೆರಗಿನಲ್ಲಿ ಕೈ ಒರೆಸಿಕೊಂಡಳು. ಕೈ ಒದ್ದೆಯಾಗಿರಲಿಲ್ಲ.

"ಊರಿಗೆ ಸುಳ್ಳು ಹೇಳಬಹುದು," ಅಂದಳು. "ಗೋಡೆಗೆ ಹೇಳದೆ ಇರೋಕೆ ಆಗುತ್ತಾ ತಾಮೆಲ್? ಮೈ ಆರೋದ್ರೊಳಗೆ ಹೇಳಬೇಕು. ಇಲ್ದಿದ್ರೆ ಅವನಿಗೆ ಜಾಗ ಇಲ್ಲ. ನನ್ನ ಒಡಹುಟ್ಟಿದವನು."

ಹೇಳಬೇಕಾದದ್ದು ಎರಡೇ ಮಾತು. ಇಂಥವರು ಹೋದರು, ಕಾಯಬೇಡ. ಆ ಎರಡು ಮಾತು ಕಿವಿಗೆ ಬೀಳದಿದ್ದರೆ ಗೋಡೆ ಬಾಗಿಲ ಕಡೆ ಮುಖ ಮಾಡಿ ಕಾಯುತ್ತಲೇ ಒಣಗುತ್ತದೆ. ಹೇಳಿದರೆ ಬೆಳ್ಳಗಾಗಿ ಅಳುತ್ತದೆ. ದುಃಖ ಕಳೆದು ಮತ್ತೆ ಜೇನಿನ ಬಣ್ಣಕ್ಕೆ ತಿರುಗುವಾಗ ಒಂದು ಟೊಪ್ಪಿಗೆ ಮಾತ್ರ ಬೆಳ್ಳಗೇ ಉಳಿಯುತ್ತದೆ. ಅದು ಹೋದವರದು. ಅದು ಬಾಡುವುದಿಲ್ಲ.

ತಾಮೆಲ್ ನೀಲಿ ದಾರದ ಹತ್ತಿರ ಕೂತಳು. ಉಳಿದ ಬಿಳುಪು ಹೊಸದು. ಆದರೆ ದಾರದೊಳಗಿನ ಒಂದು ಸಣ್ಣ ಟೊಪ್ಪಿಗೆಯ ಬಿಳುಪು ಹಳೆಯದು, ದಂತದ ಹಾಗೆ ನುಣುಪಾದದ್ದು. ಅಷ್ಟು ಗಿಡ್ಡನೆಯ ಟೊಪ್ಪಿಗೆ ಮಕ್ಕಳದೇ ಆಗಿರುತ್ತದೆ.

"ಇದು ನಿಮ್ಮ ಮಗಳದು."

ಮೊರೂ ತಲೆಯಾಡಿಸಿದಳು. ಆಮೇಲೆ ಉಳಿದದ್ದನ್ನು ಅವಳೇ ಹೇಳಿದಳು. ಬೇರೆಯವರ ಮನೆಯ ಸಂಗತಿ ಹೇಳುವಂತೆ, ಧ್ವನಿ ಏರಿಸದೆ. ಎಳೆಯನ್ನು ಗೋಡೆಯ ಗಟ್ಟಿ ಜಾಗದಿಂದ ತೆಗೆಯಬೇಕು. ಸತ್ತವರ ಸುತ್ತಲೇ ಗೋಡೆ ಗಟ್ಟಿ. ಬೆಲ್ದೋ ಹುಡುಕಿ ಹುಡುಕಿ ಈ ಮೂಲೆಗೆ ದಾರ ಕಟ್ಟಿದ. ಮಗು ಲಿವೆಯೂ ಆ ಹುಡುಗಿಯ ಜೊತೆ ಹೋಗಲಿ, ಅವಳಿಗೂ ಹೊಸ ಮನೆ ಸಿಗಲಿ ಎಂದು ನಕ್ಕ. ಒಳ್ಳೆ ಮನಸ್ಸಿನಿಂದಲೇ ಅಂದ. ಮೊರೂವಿಗೆ ಆ ರಾತ್ರಿಯಿಂದ ಅನ್ನ ಇಳಿಯಲಿಲ್ಲ. ಹಬ್ಬದ ಹಿಂದಿನ ದಿನ ಅಣ್ಣನ ಗಂಜಿಗೆ ಜೊಂಪಣಬೆ ಕಲಸಿದಳು. ಹಬ್ಬದ ಹಗಲೊಂದು ಅವನು ಮಲಗಿದರೆ ಸಾಕು. ಒಂದು ವರ್ಷ ಸಿಗುತ್ತದೆ. ವರ್ಷದಲ್ಲಿ ಮನುಷ್ಯ ಮನಸ್ಸು ಬದಲಾಯಿಸುವುದುಂಟು. ಅಳೆದೇ ಹಾಕಿದ್ದಳು. ಬೆಳಿಗ್ಗೆ ಮುಟ್ಟಿದರೆ ಮೈ ಬೆಚ್ಚಗಿತ್ತು, ಉಸಿರು ಇರಲಿಲ್ಲ.

"ಅವನು ಪುಡಿ ತಿನ್ನೋದು ಬಿಟ್ಟಿದ್ದ," ಅಂದಳು. "ನನಗೆ ಹಾಗೇ ಹೇಳಿದ್ದ."

ತಾಮೆಲ್ ಕೊಂಬಿನ ಡಬ್ಬಿ ತೆಗೆದು ಅವಳ ಮುಂದೆ ಇಟ್ಟಳು. ಮೊರೂ ಅದನ್ನು ನೋಡಿದಳು. ಬೆಳಗಿನಿಂದ ಒಣಗಿದ್ದ ಕಣ್ಣು ಆಗ ತುಂಬಿತು.

ಉಳಿದ ಗಂಟುಗಳು ತಾವಾಗಿಯೇ ಬಿಚ್ಚಿಕೊಂಡವು. ಕಿಟಕಿ ತೆರೆದವಳು ಅವಳೇ, ಚಳಿಗೆ ಹೆಣದ ಹೊತ್ತು ತಿಳಿಯದಿರಲೆಂದು. ಪರದೆ ಎಳೆದವಳು ಅವಳೇ. ನೂಯಿ ಬಂದು ಕಂಡ ಮೇಲೆ ನೆರೆಯವರ ಕಿವಿಗೆ ಬೀಳುವ ಹಾಗೆ ಗೋಡೆಗೆ ಎರಡನೆಯ ಸಲ ಹೇಳಿದವಳೂ ಅವಳೇ. ಸಾರನ್ನು ಚೆಲ್ಲಿದ್ದು, ಯಾಕೆ ಕುಡಿದಿಲ್ಲವೆಂದು ಯಾರಾದರೂ ಕೇಳಿಯಾರು ಎಂಬ ಭಯಕ್ಕೆ. ಅದನ್ನು ಹುಡುಗಿಯ ಮೇಲೆ ಹೊರಿಸುವ ಯೋಚನೆ ಇರಲಿಲ್ಲ.

"ಇರಲಿಲ್ಲ. ಆದ್ರೆ ಪಂಚಾಯಿತಿ ಹೊರಿಸಿದಾಗ ಸುಮ್ನಿದ್ರಿ," ಅಂದಳು ತಾಮೆಲ್.

"ನಾನು ಹೋದ್ರೆ ಲಿವೆಗೆ ಯಾರು ಉಣ್ಣಿಸ್ತಾರೆ?"

* * *

ಇರ್ವ ಅಲ್ಲೇ ತೀರ್ಪು ಬದಲಾಯಿಸಿದ. ನೂಯಿ ಬಿಡುಗಡೆ. ಮೊರೂ ಕೊಲ್ಲಬೇಕೆಂದು ಕೊಂದವಳಲ್ಲ, ಕಣಿವೆ ದಾಟಿಸುವುದು ಬೇಡ. ಆದರೆ ಒಂದು ಜೀವ ಹೋಗಿದೆ, ಇನ್ನೊಂದನ್ನು ಹೋಗಲು ಬಿಟ್ಟಿದ್ದಾಳೆ. ಇನ್ನು ಅವಳು ಗುಡ್ಡದ ಮೇಲಿನ ಕಾವಲುಮನೆಯಲ್ಲಿರಬೇಕು. ಅಲ್ಲಿ ಗೋಡೆ ಬೆಳೆಯುವುದಿಲ್ಲ. ಸೌದೆಯ ಬೆಂಕಿಯೇ ಗತಿ. ಹಿಮ ಬೀಳುವ ಮೊದಲು, ಎಂದರೆ ಈಗಲೇ ಹೊರಡಬೇಕು.

ಅಷ್ಟು ಹೇಳಿ ಅವನು ಕುತ್ತಿಗೆ ತುರಿಸಿಕೊಳ್ಳುತ್ತ ನಿಂತ. ಗೋಡೆಯ ಮಾತು ಯಾರೂ ಎತ್ತಲಿಲ್ಲ. ಹದ್ರಿನ್ ಉಣ್ಣಿಸುವಂತಿಲ್ಲ. ಎರಡು ಗೋಡೆಗೆ ಉಣ್ಣಿಸಿದವನ ಎರಡೂ ಗೋಡೆ ಮುನಿಸಿಕೊಂಡು ಸಾಯುತ್ತವೆ. ಉಣ್ಣಿಸುವವರಿಲ್ಲದಿದ್ದರೆ ಇದು ಮಬ್ಬುಗಾಲದ ನಡುವಿಗೆ ಕಪ್ಪಾಗುತ್ತದೆ. ಜೊತೆಗೆ ಅದರೊಳಗಿನವರೂ.

ಮೊರೂ ಬಟ್ಟೆಯ ಗಂಟು ಕಟ್ಟಿಕೊಂಡು ಬಂದಳು. ಗೋಡೆಯ ಮುಂದೆ ನಿಂತಳು. ನೂಯಿಯನ್ನು ನೋಡಿದಳು. ಕೇಳುವ ಬಾಯಿ ಅವಳಿಗಿರಲಿಲ್ಲ. ನೀಲಿ ದಾರದೊಳಕ್ಕೆ ಬೆರಳು ತೋರಿಸಿದಳು.

"ಇವಳು ಲಿವೆ," ಅಂದಳು. ಅಷ್ಟೇ.

ನೂಯಿ ಅಲ್ಲಿಯವರೆಗೂ ಬಾಗಿಲಲ್ಲೇ ನಿಂತಿದ್ದಳು. ಮುಖ ಕೆಂಪಾಗಿತ್ತು.

"ನಿನ್ನೆ ಸಂಜೆ ಬೋಗುಣಿ ಇಸ್ಕೊಂಡು, ಎದ್ದ ಮೇಲೆ ಕೊಡ್ತೀನಿ ಕಣಮ್ಮ ಅಂದ್ರಿ. ನಗ್ತಾ ಅಂದ್ರಿ. ಇವತ್ತು ನನ್ನನ್ನ ಹಿಮಕ್ಕೆ ಕಳಿಸ್ತಿದ್ರು. ಆಗಲೂ ಸುಮ್ನೆ ಕೂತಿದ್ರಿ."

"ಹೌದು," ಅಂದಳು ಮೊರೂ.

"ನಾನು ಮರೆಯಲ್ಲ ಅದನ್ನ."

"ಮರೀಬೇಡ."

ಇರ್ವ ಏನೋ ಹೇಳಲು ಹೋದ. ತಾಮೆಲ್ ಅವನ ತೋಳು ಮುಟ್ಟಿ ತಡೆದಳು.

ನೂಯಿ ಬಾಗಿಲು ಬಿಟ್ಟು ಒಳಗೆ ಬಂದಳು. ಮೊರೂವನ್ನು ದಾಟಿ ಒಲೆಯ ಹತ್ತಿರ ಹೋದಳು. ಗಂಜಿಯ ಮಡಕೆಯ ಮುಚ್ಚಳ ತೆಗೆದು ಇಣುಕಿ ನೋಡಿದಳು. ಯಾರ ಕಡೆಗೂ ತಿರುಗದೆ, ಯಾರ ಮುಖವನ್ನೂ ನೋಡದೆ ಕೇಳಿದಳು:

"ಇದಕ್ಕೆ ಉಪ್ಪು ಹಾಕ್ತೀರಾ?"

ಮೊರೂವಿನ ಕೈಯಿಂದ ಬಟ್ಟೆಯ ಗಂಟು ನೆಲಕ್ಕಿಳಿಯಿತು.

"ಚೂರೇ ಚೂರು," ಅಂದಳು. "ಮೊದಮೊದಲು ನಿನ್ನ ಕೈಯಿಂದ ತಿನ್ನಲ್ಲ. ಬೇಜಾರು ಮಾಡ್ಕೋಬೇಡ. ನೆಲಕ್ಕೆ ಹಾಕಿ ಸುಮ್ನೆ ಕೂತಿರಬೇಕು."

"ಎಷ್ಟು ದಿನ?"

"ಅದಕ್ಕೆ ಮನಸ್ಸು ಬರೋವರೆಗೆ. ಬಾ ಇಲ್ಲಿ, ಹದ ತೋರಿಸ್ತೀನಿ."

ತಾಮೆಲ್ ಗಂಡಸರಿಬ್ಬರನ್ನೂ ಹೊರಗೆ ಕಳಿಸಿ, ತಾನೂ ಜಗಲಿಗೆ ಬಂದು ಕೂತಳು. ಬೇಗ ಹೊರಡದಿದ್ದರೆ ದಾರಿ ಮುಚ್ಚೀತು ಎಂದು ಇರ್ವ ಗೊಣಗಿದ. ಗುಡ್ಡದ ಮೇಲೆ ಹಿಮದ ಮೊದಲ ಎಸಳುಗಳು ಕಾಣುತ್ತಿದ್ದವು. ಮುಚ್ಚಿದರೆ ನಾನೇ ಸಲಿಕೆ ಹಿಡಿದು ದಾರಿ ಮಾಡಿಕೊಡುತ್ತೇನೆ ಅಜ್ಜ, ಕಲಿಸಿ ಮುಗಿಯಲಿ, ಎಂದು ಅವಳು ಶಾಲು ಬಿಗಿಯಾಗಿ ಹೊದ್ದುಕೊಂಡಳು.